ಸ್ಪಷ್ಟನೆ: ಫುಶಿಮಿ ಇನಾರಿಯ ದೇವರು ನರಿಯಲ್ಲ

ಕ್ಯೋಟೋದ ಫುಶಿಮಿ ಇನಾರಿ ಗುಡಿಯ ಫೋಟೋ ಜೊತೆ ಒಂದು ಮಾತು ಓಡಾಡುತ್ತಿದೆ: ‘ಜಪಾನೀಯರಿಗೆ ನರಿಯೇ ದೇವರು. ಅವರ ಕಥೆಗಳಲ್ಲಿ ನರಿ ಹೆಣ್ಣಾಗಿ ಬಂದು ಗಂಡಸರನ್ನು ಹಾಳು ಮಾಡುತ್ತದೆ.’ ಇದು ಸರಿಯಲ್ಲ. ಅಲ್ಲಿನ ದೇವರು ಇನಾರಿ, ಭತ್ತದ ಬೆಳೆ ಕಾಯುವ ದೇವರು. ನರಿ ಆ ದೇವರ ದೂತ. ಅಲ್ಲಿನ ಕೆಲವು ನರಿ ಮೂರ್ತಿಗಳ ಬಾಯಲ್ಲಿ ಭತ್ತದ ತೆನೆ, ಕಣಜದ ಕೀಲಿ ಕಾಣುತ್ತವೆ.

ಮೋಸದ ನರಿಗಳ ಕಥೆಗಳೂ ಇವೆ, ನಿಜ. ಆದರೆ ಕುಜುನೊಹಾಳನ್ನು ಮರೆತರೆ ಅನ್ಯಾಯ ಅಲ್ವಾ? ಬೇಟೆಗಾರರಿಂದ ತನ್ನನ್ನು ಉಳಿಸಿದವನನ್ನು ಈ ನರಿ ಹೆಣ್ಣಾಗಿ ಬಂದು ಆರೈಕೆ ಮಾಡುತ್ತಾಳೆ, ಮದುವೆಯಾಗುತ್ತಾಳೆ. ಗುಟ್ಟು ಬಯಲಾದಾಗ ಪುಟ್ಟ ಮಗನನ್ನು ಬಿಟ್ಟು ಹೋಗಲೇಬೇಕಾಗುತ್ತದೆ. ನೆನಪಾದರೆ ಶಿನೋದಾ ಕಾಡಿಗೆ ಬನ್ನಿ ಎಂದು ಪದ್ಯ ಬರೆದಿಟ್ಟು ಹೊರಡುತ್ತಾಳೆ. ಆ ಮಗನೇ ಮುಂದೆ ಅರಮನೆಯ ಹೆಸರಾಂತ ಜ್ಯೋತಿಷಿಯಾದ ಅಬೆ ನೊ ಸೇಮೇ (921–1005) ಎನ್ನುತ್ತದೆ ಕಥೆ.