ಲಾಸ್ಟ್ ನೇಮ್ ಏನು?

ನನ್ನ ಹೆಸರು ಎಚ್.ಆರ್. ಮಂಜುನಾಥ. ಎಚ್ ಅಂದರೆ ಹೊಸಹಳ್ಳಿ, ಆರ್ ಅಂದರೆ ರಾಮಣ್ಣ, ನಮ್ಮಪ್ಪ. ಹಳೇ ಮೈಸೂರು, ಮಲೆನಾಡು ಕಡೆ ಸುಮಾರು ಜನರ ಹೆಸರು ಹೀಗೇ. ಮೊದಲು ಊರು, ಆಮೇಲೆ ಅಪ್ಪ, ಕೊನೆಗೆ ನಾವು. ಕುಪ್ಪಳಿ ವೆಂಕಟಪ್ಪ ಪುಟ್ಟಪ್ಪ ಕೂಡ ಹಾಗೇ ಅಲ್ವಾ? ಅವರು ಮೂರರಿಂದಲೂ ಒಂದೊಂದು ಅಕ್ಷರ ತಗೊಂಡು ಕುವೆಂಪು ಆದರು. ನಮಗೆ ಅಷ್ಟು ಜಾಣತನ ಎಲ್ಲಿಂದ ಬರಬೇಕು.

ಮೊದಲ ಸಲ ಇಂಟರ್‌ನೆಟ್ಟಿನಲ್ಲಿ ಖಾತೆ ತೆರೆಯಲು ಕೂತಾಗ ಫಾರ್ಮ್ ಕೇಳಿತು: ಫಸ್ಟ್ ನೇಮ್, ಲಾಸ್ಟ್ ನೇಮ್. ಖಾಲಿ ಬಿಟ್ಟರೆ ಮುಂದಕ್ಕೇ ಹೋಗಲಿಲ್ಲ. ಎಚ್.ಆರ್. ಅಂತ ಹಾಕಿದೆ, ಚುಕ್ಕಿ ಬೇಡ ಅಂತು. ಸಾಕಾಗಿ ಅಪ್ಪನ ಹೆಸರು ತುಂಬಿದೆ. ಅವತ್ತಿಂದ ಯಾರ್ಯಾರೋ ನನಗೆ ‘ಮಿಸ್ಟರ್ ರಾಮಣ್ಣ’ ಅಂತ ಮೇಲ್ ಹಾಕುತ್ತಾರೆ. ಅಮೆರಿಕಕ್ಕೆ ಹೋದ ನಮ್ಮ ಕಡೆ ಹುಡುಗರ ಪಾಡೂ ಇದೇ. ಊರಲ್ಲಿ ಯಾರಾದರೂ ಅಪ್ಪನ ಹೆಸರು ಹಿಡಿದು ಕರೆದರೆ ಜಗಳಕ್ಕೇ ಹೋಗುತ್ತಿದ್ದೆವು!

ಉತ್ತರ ಕರ್ನಾಟಕದವರಿಗೆ ಈ ತಾಪತ್ರಯ ಕಮ್ಮಿ. ಪಾಟೀಲ, ಅಂಗಡಿ, ಮೆಣಸಿನಕಾಯಿ ಅಂತ ಅಡ್ಡಹೆಸರು ರೆಡಿ ಇರುತ್ತದೆ.

ನನಗೆ ಚುಚ್ಚಿದ್ದು ಬೇರೆ. ಹೈಸ್ಕೂಲ್ ಗೆಳೆಯರನ್ನು ಸೋಷಿಯಲ್ ಮೀಡಿಯಾದಲ್ಲಿ ಹುಡುಕಿದೆ. ಹಾಜರಿ ಪುಸ್ತಕದಲ್ಲಿ ಎಲ್ಲರಿಗೂ ಬರೀ ಇನಿಷಿಯಲ್ ಇತ್ತು. ಈಗ ಎಷ್ಟೋ ಹೆಸರಿಗೆ ಬಾಲದ ಹಾಗೆ ಜಾತಿ ಅಂಟಿಕೊಂಡಿದೆ. ಮೂರು ವರ್ಷ ನನ್ನ ಪಕ್ಕ ಕೂತು ನನ್ನ ಡಬ್ಬಿಯ ಚಿತ್ರಾನ್ನ ತಿಂದವನ ಜಾತಿ ನನಗೆ 45ನೇ ವಯಸ್ಸಿಗೆ ಗೊತ್ತಾಯಿತು, ಅದೂ ಅವನ ಪ್ರೊಫೈಲ್ ನೋಡಿ.

ಶಾಲೆಯಲ್ಲಿ ಜಾತಿ ಇರಲಿಲ್ಲ ಅಂತಲ್ಲ. ಸ್ಕಾಲರ್‌ಶಿಪ್ ಫಾರ್ಮ್ ತುಂಬುವ ದಿನ ಮೇಷ್ಟ್ರು ಎಲ್ಲರ ಎದುರೇ ಕೂಗಿ ಕೇಳುತ್ತಿದ್ದರು. ಕೆಲವರು ಡೆಸ್ಕ್ ನೋಡಿಕೊಂಡು, ಕೇಳಿಸಿಯೂ ಕೇಳಿಸದ ಹಾಗೆ ಹೇಳುತ್ತಿದ್ದರು. ಆ ಹುಡುಗರನ್ನೂ ಹುಡುಕಿದೆ. ಅವರ ಹೆಸರಿಗೆ ಬಾಲ ಇಲ್ಲ. ಒಬ್ಬ ಊರಿನ ಹೆಸರು ಹಾಕಿಕೊಂಡಿದ್ದಾನೆ, ಇನ್ನೊಬ್ಬ ‘ಕನ್ನಡಿಗ’ ಅಂತ. ನಿಮ್ಮ ಫ್ರೆಂಡ್ ಲಿಸ್ಟನ್ನೂ ಸುಮ್ನೆ ಒಂದ್ಸಲ ಈ ಕಣ್ಣಲ್ಲಿ ನೋಡಿ. ಜಾತಿ ತುಂಬಿದವರು ಯಾರು, ಬೇರೆ ಏನೋ ತುಂಬಿ ಸುಮ್ಮನಾದವರು ಯಾರು ಅಂತ. ‘ಅದು ಬರೀ ಸರ್‌ನೇಮ್ ಕಣೋ’ ಅಂತ ನನ್ನ ಚಿತ್ರಾನ್ನದ ಗೆಳೆಯ ಹೇಳಿದ. ಬರೀ ಸರ್‌ನೇಮ್ ಆಗಿದ್ದರೆ ಮೂವತ್ತು ವರ್ಷ ಎಲ್ಲಿಟ್ಟಿದ್ದ?

ಹೋದ ತಿಂಗಳು ನನ್ನ ಮಗಳು ನಮ್ಮಪ್ಪನಿಗೂ ಖಾತೆ ತೆರೆದುಕೊಟ್ಟಳು.

‘ಲಾಸ್ಟ್ ನೇಮ್ ಏನ್ ಹಾಕ್ಲಿ ತಾತ?’

‘ಅದೆಲ್ಲ ನಂಗೆಲ್ಲಿದೆ ಪುಟ್ಟಿ. ನಿಂಗೆ ತೋಚಿದ್ದು ಹಾಕು.’

ಅವಳು ‘ತಾತ’ ಅಂತಲೇ ಹಾಕಿದಳು. ಮೊನ್ನೆ ಅಪ್ಪನ ಹುಟ್ಟಿದಹಬ್ಬ. ಜೊತೆಗೆ ಕೆಲಸ ಮಾಡಿ ರಿಟೈರ್ ಆದವರು, ಎಂಬತ್ತರ ಹತ್ತಿರದವರು, ಸಾಲಾಗಿ ಬರೆದಿದ್ದರು: ‘ಹ್ಯಾಪಿ ಬರ್ತ್‌ಡೇ ತಾತ.’