ವಿ ಫಾರ್ ವಡಾಲಾ

ಕಂಪ್ಯೂಟರಿನಲ್ಲಿ ಆಟ ಆಡುವುದಕ್ಕೆ ಒಬ್ಬ ಹುಡುಗ ಸಾಕು. ಆ ಆಟದ ಆ್ಯಕ್ಟಿವೇಶನ್ ಕೀ, ಅಂದರೆ ಆಟದ ಬೀಗ ತೆರೆಯುವ ಗುಪ್ತ ಅಕ್ಷರಮಾಲೆ, ಹಾಕುವುದಕ್ಕೆ ಮಾತ್ರ ಇಡೀ ಕುಟುಂಬ ಬೇಕು. ಅದರಲ್ಲೂ ನಮ್ಮದರಂತೆ ಮುಂಬಯಿ ಲೋಕಲ್ ರೈಲಿನ ಸೆಂಟ್ರಲ್ ಲೈನಿಗೆ ಅರ್ಧ, ವೆಸ್ಟರ್ನ್ ಲೈನಿಗೆ ಅರ್ಧ ಹಂಚಿಹೋದ ಕುಟುಂಬವಾದರೆ ಕೇಳುವುದೇ ಬೇಡ.

ನಾವು ಹುಡುಗರಾಗಿದ್ದಾಗ ಕೀ ಎಂಬುದೇ ಇರಲಿಲ್ಲ, ಆದರೆ ಕಾಟ ಇತ್ತು. ರಾಜಕುಮಾರಿಯನ್ನು ಬಿಡಿಸುವ ಪ್ರಿನ್ಸ್ ಆಫ್ ಪರ್ಷಿಯಾ ಆಟದಲ್ಲಿ ಮೊದಲ ಲೆವೆಲ್ ದಾಟಿದ ಕೂಡಲೇ ಒಂದು ಕೋಣೆ ಬರುತ್ತಿತ್ತು. ಅಲ್ಲಿ ಸಾಲಾಗಿ ಮದ್ದಿನ ಶೀಸೆಗಳು, ಒಂದೊಂದಕ್ಕೂ ಒಂದೊಂದು ಇಂಗ್ಲಿಷ್ ಅಕ್ಷರ. ಕೈಪಿಡಿಯ ಇಂಥ ಪುಟದ, ಇಂಥ ಸಾಲಿನ, ಇಂಥ ಪದದ ಮೊದಲ ಅಕ್ಷರ ಯಾವುದೋ ಆ ಶೀಸೆಯನ್ನೇ ಕುಡಿಯಬೇಕು ಎಂಬುದು ಅಪ್ಪಣೆ. ನಮ್ಮ ಬಿಲ್ಡಿಂಗಿನಲ್ಲಿ ಆ ಕೈಪಿಡಿಯನ್ನು ಕಣ್ಣಾರೆ ಕಂಡವರು ಒಬ್ಬರೂ ಇರಲಿಲ್ಲ. ರಾಜಕುಮಾರಿಯ ಗತಿ ಏನಾಯಿತು ಎಂಬುದು ನಮ್ಮಲ್ಲಿ ಹಲವರಿಗೆ ತಿಳಿದದ್ದು ದೊಡ್ಡವರಾದ ಮೇಲೆ.

ಆಮೇಲೆ ಸಿ.ಡಿ. ಕಾಲ ಬಂತು. ಗ್ರ್ಯಾಂಟ್ ರೋಡ್ ಸ್ಟೇಶನ್ನಿಗೆ ಇಳಿದು ಲ್ಯಾಮಿಂಗ್ಟನ್ ರೋಡಿಗೆ ನಡೆಯುವುದು. ಬೋರ್ಡಿನಲ್ಲಿ ಅದು ಡಾ. ಭಡಕಮಕರ್ ಮಾರ್ಗ, ಬಾಯಲ್ಲಿ ಇವತ್ತಿಗೂ ಲ್ಯಾಮಿಂಗ್ಟನ್ ರೋಡೇ. ಭಾವ ಅಲ್ಲಿನ ಫುಟ್‌ಪಾತಿನಿಂದ ತಂದ ಡಿಸ್ಕಿನ ಮೇಲೆ ಮಾರ್ಕರ್ ಪೆನ್ನಿನಲ್ಲಿ ಕೀ ಬರೆದಿರುತ್ತಿತ್ತು. ಕಂಪ್ಯೂಟರ್ ಕೀ ಕೇಳುವುದು ಆ ಡಿಸ್ಕು ಡ್ರೈವಿನ ಹೊಟ್ಟೆಯೊಳಗೆ ಗರಗರ ತಿರುಗುತ್ತಿರುವಾಗ. ಹೊರಗೆ ತೆಗೆದರೆ ಇನ್‌ಸ್ಟಾಲ್ ನಿಂತುಹೋಗುತ್ತದೆ, ತೆಗೆಯದಿದ್ದರೆ ಕೀ ಕಾಣುವುದಿಲ್ಲ. ಇದಕ್ಕೆ ಪರಿಹಾರವೆಂದು ಅವನ ಗೆಳೆಯನೊಬ್ಬ ಕೀಜೆನ್ ಎಂಬ ಕಳ್ಳ ಪ್ರೋಗ್ರಾಮು ಕೊಟ್ಟ. ಕೀ ಹುಟ್ಟಿಸುವುದಕ್ಕೆ ಮೊದಲು ಅದು ಸ್ಪೀಕರಿನಲ್ಲಿ ಜೋರಾಗಿ ಪೀಂ ಪೀಂ ಸಂಗೀತ ಬಾರಿಸುತ್ತದೆ ಎಂಬುದನ್ನು ಮಾತ್ರ ಹೇಳಲಿಲ್ಲ. ಮಧ್ಯರಾತ್ರಿ. ಅಜ್ಜಿ ಎದ್ದು ಕೂತು, "ಯಾರ ಮದುವೆ ದಿಬ್ಬಣ ಇಷ್ಟು ಹೊತ್ತಿಗೆ?" ಎಂದು ಕೇಳಿದರು. ಬೆಳಗ್ಗೆ ಕಂಪ್ಯೂಟರ್ ವೈರಸ್ ಸಮೇತ ಟ್ಯಾಕ್ಸಿ ಹತ್ತಿ ರಿಪೇರಿಗೆ ಹೋಯಿತು.

ಆಗಿನ ಕೀಗಳು ಪಾಪದವು. 1998ರ ಸ್ಟಾರ್‌ಕ್ರಾಫ್ಟ್ ಆಟದ ಕೀಯಲ್ಲಿ 13 ಅಂಕಿ. ಮೊದಲ 12ನ್ನು ಒಂದು ಲೆಕ್ಕಕ್ಕೆ ಹಾಕಿದರೆ ಕೊನೆಯದು ಬರಬೇಕು, ಅಷ್ಟೇ ಪರೀಕ್ಷೆ. ನಮ್ಮ ಆಧಾರ್ ಸಂಖ್ಯೆಯ ಕೊನೆಯ ಅಂಕಿಯೂ ಇಂಥದೇ ಕಾವಲುಗಾರ, ಲೆಕ್ಕ ಮಾತ್ರ ಬೇರೆ. 2004ರಲ್ಲಿ ಹಾಫ್-ಲೈಫ್ 2 ಬಂದಾಗ ಅಂಗಡಿಯಲ್ಲಿ ಡಿಸ್ಕು ಕೊಂಡವರೂ ಸ್ಟೀಮ್ ಎಂಬ ಆನ್‌ಲೈನ್ ಆಟದಂಗಡಿಯಲ್ಲಿ ಖಾತೆ ತೆರೆಯಲೇಬೇಕಾಯಿತು. ಕೀ ಸರ್ವರಿಗೆ ಹೋಗಿ ಒಬ್ಬರ ಖಾತೆಗೆ ಅಂಟಿತೆಂದರೆ ಮುಗಿಯಿತು, ಇನ್ನೊಬ್ಬರಿಗಿಲ್ಲ. ಹಾಗಾಗಿ ಈಗ ನಾವು ಕೊಳ್ಳುವುದು ಕೀಯನ್ನೇ. ಆಟ ಅದರ ಹಿಂದೆ ತಾನಾಗಿ ಇಳಿದು ಬರುತ್ತದೆ.

ಇದನ್ನು ದೊಡ್ಡಪ್ಪನಿಗೆ ತಿಳಿಹೇಳುವುದು ಬ್ರಹ್ಮನಿಂದಲೂ ಆಗದು. ದುಬೈಯಿಂದ ಬಂದ ಅವರ ಮಗ ನನ್ನ ಮಗನಿಗೆಂದು ಆಟದ ಡಬ್ಬಿ ತಂದು, ಡೊಂಬಿವಲಿಯ ಮನೆಯಲ್ಲಿಟ್ಟು ವಾಪಸು ವಿಮಾನ ಹತ್ತಿದ್ದ. ದೊಡ್ಡಪ್ಪ ನಿವೃತ್ತ ಬ್ಯಾಂಕ್ ಅಧಿಕಾರಿ. ಒಳಗೇನಿದೆ ಎಂದು ನೋಡದೆ ಯಾವ ಲಕೋಟೆಯನ್ನೂ ಇಟ್ಟುಕೊಂಡವರಲ್ಲ. ಡಬ್ಬಿ ಬಿಚ್ಚಿ ಫೋನ್ ಮಾಡಿದರು. "ಮೋಸ ಆಗಿದೆ ಮಾರಾಯ. ಇಷ್ಟು ದೊಡ್ಡ ಡಬ್ಬಿ, ಒಳಗೆ ಡಿಸ್ಕೇ ಇಲ್ಲ. ಒಂದು ಚೀಟಿ ಉಂಟು."

ಆ ಚೀಟಿಯೇ ಆಟ ಎಂದೆ. ಹಾಗಾದರೆ ಡಬ್ಬಿ ಯಾಕೆ ಎಂದರು. ನನ್ನ ಹತ್ತಿರ ಉತ್ತರವಿರಲಿಲ್ಲ.

ನಾವಿರುವುದು ಬೋರಿವಲಿಯಲ್ಲಿ. ಭಾನುವಾರ ಹೋಗಿ ತರೋಣವೆಂದರೆ ಸೆಂಟ್ರಲ್ ಲೈನಿನಲ್ಲಿ ಮೆಗಾಬ್ಲಾಕ್, ಹಳಿ ರಿಪೇರಿಗೆಂದು ರೈಲು ಬಂದ್. ವಾರದ ದಿನ ಡೊಂಬಿವಲಿ ಲೋಕಲ್ಲಿಗೆ ನುಗ್ಗಿ ಮೂಳೆ ಮುರಿದುಕೊಳ್ಳುವಷ್ಟು ದೊಡ್ಡ ಆಟವೇನಲ್ಲ ಅದು. ಫೋಟೋ ತೆಗೆದು ವಾಟ್ಸಾಪಿಗೆ ಹಾಕಿ ಎಂದೆ. ಮೊದಲು ಬಂದದ್ದು ಅವರ ಹೆಬ್ಬೆರಳು. ಎರಡನೆಯದರಲ್ಲಿ ಫ್ಲ್ಯಾಶ್ ಬಿದ್ದು, ಚೀಟಿಯ ಜಾಗದಲ್ಲಿ ಸೂರ್ಯ ಉದಯಿಸಿದ್ದ. ಆಮೇಲೆ ಅವರಿಗೆ ಬೇಸರ ಬಂತು. "ಬರೆದುಕೋ, ಓದುತ್ತೇನೆ."

ಹದಿನೈದು ಅಕ್ಷರ, ಐದೈದರ ಮೂರು ಗುಂಪು. ವಿಂಡೋಸ್ ಕೀ ಮಾಡಿದವರಿಗೆ ಸ್ವಲ್ಪ ಕರುಣೆಯಿತ್ತು. ಆ 25 ಅಕ್ಷರಗಳ ಕೀಯಲ್ಲಿ ಸ್ವರಗಳನ್ನೂ, ಸೊನ್ನೆಯನ್ನೂ, ಒಂದನ್ನೂ ಬಹುಕಾಲ ದೂರವೇ ಇಟ್ಟಿದ್ದರು. ಸೊನ್ನೆಯೋ ಓನೋ ಎಂಬ ಜಗಳವೇ ಬೇಡವೆಂದು. ಈ ಆಟದವರಿಗೆ ಅಂಥ ಕನಿಕರವಿಲ್ಲ. ಸೊನ್ನೆ, ಓ, ಎಂಟು, ಬಿ, ಎಲ್ಲ ಸಿಕ್ಕಾಪಟ್ಟೆ. ದೊಡ್ಡಪ್ಪ ಎಲ್ಲ ದುಂಡಗಿನದನ್ನೂ "ಸೊನ್ನೆ" ಎಂದೇ ಓದುತ್ತಿದ್ದರು. ಅನುಸ್ವಾರವನ್ನೂ ಸೊನ್ನೆ ಎಂದೇ ಕರೆದು ಅಕ್ಷರ ಕಲಿತವರಿಗೆ ಇದೊಂದು ತಪ್ಪೇ ಅಲ್ಲ.

ಮಿಕ್ಕ ಅಕ್ಷರಗಳಿಗೆ ಆಲ್ಫಾ, ಬ್ರಾವೋ, ಚಾರ್ಲಿ ಎಂದು ಹೇಳಿ, 1956ರಿಂದ ವಿಮಾನದವರೆಲ್ಲ ಹಾಗೇ ಹೇಳುವುದು ಎಂದು ಸೂಚಿಸಿದೆ. "ಅದು ವಿಮಾನದವರಿಗೆ. ನಾವು ರೈಲಿನವರು," ಎಂದು ಅವರು ಲೋಕಲ್ ಸ್ಟೇಶನ್ನುಗಳನ್ನು ಹಿಡಿದರು.

"ಬಿ ಫಾರ್ ಭಾಂಡುಪ್. ಕೆ ಫಾರ್ ಕುರ್ಲಾ. ಡಿ ಫಾರ್ ದಾದರ್." ಗಾಡಿ ಸಲೀಸಾಗಿ ಓಡುತ್ತಿತ್ತು. ಮಗ ಟೈಪಿಸುತ್ತಿದ್ದ. "ವಿ ಫಾರ್ ವಡಾಲಾ."

ಮಗ ಬೋರ್ಡು ಓದಿ ಬೆಳೆದ ಮುಂಬಯಿ ಹುಡುಗ. ವಡಾಲಾಕ್ಕೆ ಡಬ್ಲ್ಯೂ ಎಂದು ಅವನಿಗೆ ಗೊತ್ತು, ಡಬ್ಲ್ಯೂವನ್ನೇ ಒತ್ತಿದ. ದೊಡ್ಡಪ್ಪನಿಗೆ ವ ಎಂದರೆ ವಿ. ಮುಂದಿನದು "ಸಿ ಫಾರ್ ಸಾಯನ್". ಮಗ ಎಸ್ ಒತ್ತಿದ. ಅದರ ಮುಂದಿನದು ಇಡೀ ದಿನವನ್ನು ಕೆಡಿಸಿದ ಅಕ್ಷರ. "ಇ ಫಾರ್ ಎಲ್ಫಿನ್‌ಸ್ಟನ್ ರೋಡ್," ಎಂದವರು, ಹುಡುಗನಿಗೆ ತಿಳಿಯಲಿಕ್ಕಿಲ್ಲವೆಂದು ಪ್ರೀತಿಯಿಂದ, "ಅಂದ್ರೆ ಈಗಿನ ಪ್ರಭಾದೇವಿ" ಎಂದು ಸೇರಿಸಿದರು. 2018ರಲ್ಲಿ ರೈಲ್ವೆಯವರು ಹೆಸರು ಬದಲಿಸಿದ್ದಕ್ಕೆ ನಮ್ಮ ಮನೆಯಲ್ಲಿ ಇ ಹೋಗಿ ಪಿ ಬಂತು. ಎಕ್ಸ್‌ಗೆ ಸ್ಟೇಶನ್ ಸಿಗಲಿಲ್ಲ. "ಗುಣಿಸು," ಎಂದರು. ಮಗ ನಕ್ಷತ್ರ ಚಿಹ್ನೆ ಒತ್ತಿದ.

ತಪ್ಪು ಕೀ. ಮತ್ತೆ ಓದಿದರು, ಮತ್ತೆ ತಪ್ಪು. ಹಿಂದಿನಿಂದ ದೊಡ್ಡಮ್ಮ, "ಅದು ಸೊನ್ನೆ ಅಲ್ಲ, ಕ್ಯೂ. ಬಾಲ ಉಂಟು ನೋಡಿ," ಎನ್ನುತ್ತಿದ್ದುದು ಕೇಳಿಸಿತು. ಆ ಮನೆಯಲ್ಲಿ ಕಣ್ಣು ಸರಿಯಿದ್ದವರು ಅವರೊಬ್ಬರೇ, ಫೋನು ಮಾತ್ರ ಅವರ ಕೈಗೆ ಬರಲಿಲ್ಲ. ಅಷ್ಟರಲ್ಲಿ ತೆರೆಯ ಮೇಲೆ, ನೀವು ಅತಿಯಾಗಿ ಪ್ರಯತ್ನಿಸಿದ್ದೀರಿ, ಸ್ವಲ್ಪ ಹೊತ್ತು ಬಿಟ್ಟು ಬನ್ನಿ ಎಂಬ ಸಂದೇಶ ಬಂತು. ಕಳ್ಳರು ಸುಮ್ಮನೆ ಅಂದಾಜಿನ ಕೀ ಹಾಕುತ್ತಾ ಹೋಗಬಾರದೆಂದು ಈ ತಡೆ. ಆ ಸರ್ವರಿನ ಕಣ್ಣಿಗೆ ನನ್ನ ದೊಡ್ಡಪ್ಪ ಒಂದು ಅಂತರರಾಷ್ಟ್ರೀಯ ಜಾಲ.

ಸಹಾಯ ಕೇಂದ್ರಕ್ಕೆ ಬರೆದೆವು. ಯಾವ ಕಂಪನಿ ಎಂಬುದು ಇಲ್ಲಿ ಮುಖ್ಯವಲ್ಲ. ಕೀ ನಿಮ್ಮದೇ ಎನ್ನಲು ಪುರಾವೆ ಬೇಕು, ಚೀಟಿಯ ಮೇಲೆ ಕೀಯ ಪಕ್ಕದಲ್ಲೇ ನಮ್ಮ ದೂರಿನ ಸಂಖ್ಯೆಯನ್ನು ಪೆನ್ನಿನಲ್ಲಿ ಬರೆದು ಫೋಟೋ ಕಳಿಸಿ ಎಂದರು. ಈ ಒಂದು ವಾಕ್ಯ ಕೇಳಿ ದೊಡ್ಡಪ್ಪನಿಗೆ ಹತ್ತು ವರ್ಷ ಪ್ರಾಯ ಇಳಿಯಿತು. ಬರೆಯುವುದು, ಸಹಿ ಹಾಕುವುದು, ದಾಖಲೆ ಒಪ್ಪಿಸುವುದು! ಈ ಸಲ ದೊಡ್ಡಮ್ಮ ತೆಗೆದ ಫೋಟೋ ಸ್ಫಟಿಕದಷ್ಟು ಸ್ಪಷ್ಟ. ಅದರಲ್ಲಿ ದೂರಿನ ಸಂಖ್ಯೆ, ಅಡಿಯಲ್ಲಿ "ಮೂಲ ಪ್ರತಿಯೊಂದಿಗೆ ಹೋಲಿಸಿ ನೋಡಲಾಗಿದೆ" ಎಂಬ ಒಕ್ಕಣೆ, ಪೂರ್ಣ ಸಹಿ, ದಿನಾಂಕ, ಊರು: ಡೊಂಬಿವಲಿ ಪೂರ್ವ. ಇದೇ ಮೂಲ ಪ್ರತಿಯಲ್ಲವೇ ಎಂದು ಕೇಳುವ ಧೈರ್ಯ ಯಾರಿಗೂ ಬರಲಿಲ್ಲ. ಫೋಟೋದಲ್ಲಿ ಕೀ ಅಷ್ಟು ಚೆನ್ನಾಗಿ ಕಾಣುತ್ತಿತ್ತೆಂದರೆ, ಸಹಾಯ ಕೇಂದ್ರದ ಉತ್ತರಕ್ಕೆ ಕಾಯದೆ ಮಗ ಅದನ್ನೇ ನೋಡಿ ಒತ್ತಿದ. ಕೀ ಸ್ವೀಕಾರವಾಯಿತು.

ಅಲ್ಲಿಗೆ ಮುಗಿಯಬೇಕಿತ್ತು. ಹೊಸ ಕಂಪ್ಯೂಟರಿನಿಂದ ಲಾಗಿನ್ ಆಗಿದ್ದೀರಿ, ನಿಮ್ಮ ಇಮೇಲಿಗೆ ಒಂದು ಕೋಡ್ ಕಳಿಸಿದ್ದೇವೆ ಎಂದಿತು ತೆರೆ. ಆ ಖಾತೆ ತೆರೆದದ್ದು ಎಂದೋ ಬೇಸಗೆ ರಜೆಯಲ್ಲಿ, ಡೊಂಬಿವಲಿಯಲ್ಲಿ, ದೊಡ್ಡಪ್ಪನ ಇಮೇಲಿನಲ್ಲಿ. ಮಗ ಫೋನ್ ಮಾಡಿ, "ಅಜ್ಜ, ನಿಮಗೊಂದು ಕೋಡ್ ಬಂದಿರಬೇಕು, ಸ್ವಲ್ಪ ಹೇಳಿ," ಎಂದ.

ಆಚೆ ಕಡೆ ಮೌನ. ಆಮೇಲೆ ಕೌಂಟರಿನ ಹಿಂದಿನ ಹಳೆಯ ಧ್ವನಿ. "ಬ್ಯಾಂಕಿನವನ ಹತ್ತಿರವೇ ಓಟಿಪಿ ಕೇಳ್ತೀಯಾ? ಯಾರಪ್ಪಾ ನೀನು? ನನ್ನ ಮೊಮ್ಮಗನ ಹಾಗೇ ಮಾತಾಡ್ತೀಯಲ್ಲ. ಈಗಲೇ ಸೈಬರ್ ವಂಚನೆಯವರ 1930ಕ್ಕೆ ಫೋನ್ ಮಾಡ್ತೇನೆ ನೋಡು."

ನಾನು ಫೋನ್ ಕಸಿದುಕೊಂಡು ನನ್ನ ಹೆಸರು, ಅಪ್ಪನ ಹೆಸರು, ಊರಿನ ಮನೆಯ ಹೆಸರು ಎಲ್ಲ ಹೇಳಿದೆ. ಅದೆಲ್ಲ ಈ ಕಾಲದಲ್ಲಿ ಎಲ್ಲರಿಗೂ ಗೊತ್ತಿರುತ್ತದೆ ಎಂದರು. "ಬೇಕಿದ್ದರೆ ಖುದ್ದು ಬನ್ನಿ, ಮುಖ ನೋಡಿ ಕೊಡ್ತೇನೆ. ಬರುವಾಗ ಆಧಾರ್ ತನ್ನಿ. ಒರಿಜಿನಲ್."