ಮಾರುತ್ ಫೇಲ್ ಆಗಿದ್ದಲ್ಲ

ಮೊನ್ನೆ ಭಾನುವಾರ ಎಚ್‌ಎಎಲ್ ಮ್ಯೂಸಿಯಂಗೆ ಹೋಗಿದ್ದೆ. ವರ್ಷಕ್ಕೊಮ್ಮೆಯಾದರೂ ಹೋಗುತ್ತೇನೆ, ಯಾಕೆ ಅಂತ ನಿಮಗೆ ಗೊತ್ತು, ಮಾರುತ್ ಕಟ್ಟಿದವರಲ್ಲಿ ನಮ್ಮಪ್ಪನೂ ಒಬ್ಬರು. ಎಚ್‌ಎಎಲ್ ಕಟ್ಟಿದ ಆ ಜೆಟ್ ಫೈಟರ್ ಎದುರು ನಿಂತಿದ್ದಾಗ ಒಬ್ಬ ಮೇಷ್ಟ್ರು ಶಾಲೆ ಮಕ್ಕಳನ್ನು ಕರೆದುಕೊಂಡು ಬಂದರು. "ಸರ್, ಇದು ಯಾವ್ದು?" ಅಂತ ಒಬ್ಬ ಹುಡುಗ ಕೇಳಿದ. "ಅದು ಫೇಲ್ ಆದ ವಿಮಾನ ಕಣೋ, ಮುಂದೆ ನಡೀರಿ" ಅಂದುಬಿಟ್ಟರು. ಮಕ್ಕಳು ಹೊರಟವು.

ಮೂರು ದಿನ ಆಯ್ತು, ಆ ಮಾತು ಇನ್ನೂ ಗಂಟಲಲ್ಲೇ ಕೂತಿದೆ. ಮೇಷ್ಟ್ರೊಬ್ಬರನ್ನೇ ಬೈದು ಏನು ಮಾಡಲಿ, ಎಲ್ಲರೂ ಹಾಗೇ ಹೇಳೋದು. ಫೇಲ್ ಆಗಿದ್ದು ಯಾವುದು ಅಂತ ಮಾತ್ರ ಒಬ್ಬರೂ ಕೇಳೋದಿಲ್ಲ.

ಮಾರುತ್ ಡಿಸೈನ್ ಮಾಡಿದ ಜರ್ಮನ್ ಎಂಜಿನಿಯರ್ ಕರ್ಟ್ ಟ್ಯಾಂಕ್ ಬೆಂಗಳೂರಿಗೆ ಬಂದಿದ್ದು 1956ರಲ್ಲಿ. ಎರಡನೇ ಮಹಾಯುದ್ಧದ ಜರ್ಮನ್ ಫೈಟರ್ ಫೋಕೆ ವುಲ್ಫ್ 190 ಅವರದೇ ಡಿಸೈನ್. ನಮ್ಮದೇ ಡಿಸೈನ್‌ನ ಎಚ್‌ಟಿ-2, ಅಂದರೆ ಪ್ರೊಪೆಲ್ಲರ್ ಇದ್ದ ಪುಟ್ಟ ತರಬೇತಿ ವಿಮಾನ, ಮೊದಲ ಸಲ ಹಾರಿ ಆಗ ಐದೇ ವರ್ಷ ಆಗಿತ್ತು. ಅಂಥ ಹೊತ್ತಲ್ಲಿ ವಾಯುಪಡೆ ಕೇಳಿದ್ದು ಶಬ್ದದ ಎರಡರಷ್ಟು ವೇಗದ ಫೈಟರ್. ನಮ್ಮವರು ಹೆದರಲಿಲ್ಲ. ಮೊದಲು ಪೂರ್ತಿ ಅಳತೆಯ ಗ್ಲೈಡರ್ ಒಂದನ್ನು ಮರದಲ್ಲೇ ಕಟ್ಟಿದರು. ಡಕೋಟಾ ವಿಮಾನದ ಹಿಂದೆ ಕಟ್ಟಿ ಎಳೆಸಿ, ಮೇಲೆ ಹೋದ ಮೇಲೆ ಬಿಟ್ಟು, ಹೇಗೆ ತೇಲುತ್ತದೆ ಅಂತ ನೋಡಿದರು. ಆ ಪರೀಕ್ಷೆ ಶುರುವಾಗಿದ್ದು 1959ರಲ್ಲಿ. 1961ರ ಜೂನ್ 17ಕ್ಕೆ ಟೆಸ್ಟ್ ಪೈಲಟ್ ಸುರಂಜನ್ ದಾಸ್ ನಿಜವಾದ ಮಾರುತ್ ಹಾರಿಸಿದರು. ಐದು ವರ್ಷದಲ್ಲಿ, ಏನೂ ಇಲ್ಲದ ಕಡೆಯಿಂದ ಜೆಟ್ ಫೈಟರ್. ಬರೆಯುವಾಗ ಈಗಲೂ ನನಗೆ ಮೈ ಜುಮ್ಮೆನ್ನುತ್ತದೆ.

ಆಮೇಲೆ ಏನಾಯ್ತು? ಎಂಜಿನ್ ಬರಲಿಲ್ಲ. ಅಷ್ಟೇ.

ಟ್ಯಾಂಕ್ ನಂಬಿಕೊಂಡಿದ್ದು ಬ್ರಿಟನ್ನಿನ ಆರ್ಫಿಯಸ್ 12 ಎಂಜಿನ್ನನ್ನು. ಅದರಲ್ಲಿ ರೀಹೀಟ್ ಇರುತ್ತಿತ್ತು. ಅಂದರೆ ಹಿಂದೆ ಹೊರಹೋಗುವ ಬಿಸಿಗಾಳಿಗೆ ಮತ್ತೊಮ್ಮೆ ಇಂಧನ ಹಾಕಿ ಉರಿಸಿ ಹೆಚ್ಚಿನ ತಳ್ಳುಬಲ ಪಡೆಯುವ ಏರ್ಪಾಡು. ಅದನ್ನು ಪೂರ್ತಿ ಮಾಡಲು ದುಡ್ಡು ಬೇಕಿತ್ತು. ಬ್ರಿಟನ್ ಕೊಡಲಿಲ್ಲ, ನಾವೂ ಕೊಡಲಿಲ್ಲ. ಕೊನೆಗೆ ಪುಟ್ಟ ನ್ಯಾಟ್ ವಿಮಾನಕ್ಕೆ ಹಾಕುತ್ತಿದ್ದ ಜಾತಿಯದೇ ಆರ್ಫಿಯಸ್ 703 ಎಂಜಿನ್ ಎರಡನ್ನು ಮಾರುತ್‌ಗೆ ಕೂರಿಸಿದರು. ಒಂದೊಂದಕ್ಕೆ ಸುಮಾರು 2,200 ಕಿಲೋ ತಳ್ಳುಬಲ, ರೀಹೀಟ್ ಇಲ್ಲ. ಶಬ್ದದ ಎರಡರಷ್ಟು ವೇಗಕ್ಕೆ ಅಂತ ಕಟ್ಟಿದ ಮೈ ಶಬ್ದದ ವೇಗದ ಆಸುಪಾಸಿನಲ್ಲೇ ಉಳಿಯಿತು. ಇದಕ್ಕೆ ವಿಮಾನ ಫೇಲ್ ಅನ್ನೋದು ಯಾವ ನ್ಯಾಯ?

ಯುದ್ಧವಿಮಾನಗಳ ಇತಿಹಾಸ ಬರೆಯುವವರು ರೆಕ್ಕೆಯ ಬಗ್ಗೆ ಬರೆಯುತ್ತಾರೆ, ಪೈಲಟ್ ಬಗ್ಗೆ ಬರೆಯುತ್ತಾರೆ. ಎಂಜಿನ್ ಬಗ್ಗೆ ಒಂದು ಸಾಲು. ಅಮೆರಿಕದ ಮಸ್ಟಾಂಗ್ ನೋಡಿ. 1940ರಲ್ಲಿ ಹಾರಿದಾಗ ಅದಕ್ಕಿದ್ದದ್ದು ಆಲಿಸನ್ ಎಂಜಿನ್. ಕೆಳಗೆ ಚೆನ್ನಾಗಿ ಹಾರುತ್ತಿತ್ತು, ಗಾಳಿ ತೆಳುವಾದ ಎತ್ತರಕ್ಕೆ ಹೋದರೆ ಸೋಲುತ್ತಿತ್ತು. 1942ರಲ್ಲಿ ಅದಕ್ಕೆ ರೋಲ್ಸ್ ರಾಯ್ಸ್ ಮರ್ಲಿನ್ ಕೂರಿಸಿದರು. ತೆಳು ಗಾಳಿಯನ್ನು ಎರಡು ಹಂತದಲ್ಲಿ ಒತ್ತಿ ಒಳಗೆ ತುಂಬುವ ಎಂಜಿನ್ ಅದು. ಎರಡೇ ವರ್ಷದಲ್ಲಿ ಅದೇ ಮಸ್ಟಾಂಗ್ ಬಾಂಬರ್‌ಗಳಿಗೆ ಕಾವಲಾಗಿ ಬರ್ಲಿನ್ ತನಕ ಹೋಗಿ ಬರುತ್ತಿತ್ತು. ಸೋವಿಯತ್ ಮಿಗ್-15ರದ್ದೂ ಇದೇ ಕಥೆ. ಅವರ ಹತ್ತಿರ ಒಳ್ಳೆಯ ಜೆಟ್ ಎಂಜಿನ್ ಇರಲಿಲ್ಲ. ಬ್ರಿಟನ್ 1946ರಲ್ಲಿ ನೀನ್ ಎಂಜಿನ್ ಮಾರಲು ಒಪ್ಪಿತು. ಅದನ್ನೇ ನಕಲು ಮಾಡಿ ಕೂರಿಸಿದರು, ಕೊರಿಯಾ ಯುದ್ಧದಲ್ಲಿ ಅಮೆರಿಕವನ್ನೇ ಬೆಚ್ಚಿಬೀಳಿಸಿದರು. ಮರ್ಲಿನ್ ಸಿಗದೇ ಹೋಗಿದ್ದರೆ ಮಸ್ಟಾಂಗ್ ಕೂಡ ಯಾವುದೋ ಮ್ಯೂಸಿಯಂನಲ್ಲಿ "ಫೇಲ್ ಆದ ವಿಮಾನ" ಅನ್ನಿಸಿಕೊಳ್ಳುತ್ತಿತ್ತು ಅಲ್ವಾ?

ಎಂಜಿನ್ ಅಂದರೆ ಸುಲಭ ಅಲ್ಲ, ಒಪ್ಪುತ್ತೇನೆ. ಇವತ್ತಿನ ಜೆಟ್ ಎಂಜಿನ್‌ನಲ್ಲಿ ಟರ್ಬೈನ್ ಬ್ಲೇಡ್‌ಗೆ ಬಡಿಯುವ ಗಾಳಿ, ಆ ಲೋಹ ಕರಗುವ ಬಿಸಿಗಿಂತಲೂ ಜಾಸ್ತಿ ಬಿಸಿ. ಬ್ಲೇಡ್ ಒಳಗೆ ಕೂದಲಿನಂಥ ದಾರಿಗಳನ್ನು ಮಾಡಿ ತಂಪುಗಾಳಿ ಹರಿಸುತ್ತಾರೆ. ಇಡೀ ಬ್ಲೇಡನ್ನು ಒಂದೇ ಹರಳಾಗಿ ಎರಕ ಹೊಯ್ಯುತ್ತಾರೆ. ಇದನ್ನು ಕಲಿಯಲು ದಶಕಗಳೇ ಬೇಕು, ಹೇಳಿಕೊಡುವವರೂ ಇಲ್ಲ. ಅದಕ್ಕೇ ಬೇಗ ಶುರು ಮಾಡಬೇಕಿತ್ತು ಅಂತ ನನ್ನ ಹೊಟ್ಟೆ ಉರಿಯೋದು.

ಪ್ರಯತ್ನ ಮಾಡಲಿಲ್ಲ ಅಂತಲ್ಲ. ಈಜಿಪ್ಟಿನವರು ಹೆಲ್ವಾನ್‌ನಲ್ಲಿ ಇ-300 ಎಂಬ ಎಂಜಿನ್ ಮಾಡುತ್ತಿದ್ದರು. ನಮ್ಮದೊಂದು ಮಾರುತ್ ಅಲ್ಲಿಗೇ ಹೋಗಿ ಅದನ್ನು ಹೊತ್ತು ಹಾರಿತು. 1969ರಲ್ಲಿ ಅವರು ಆ ಕೆಲಸವನ್ನೇ ನಿಲ್ಲಿಸಿದರು. ಇಲ್ಲಿ ಆರ್ಫಿಯಸ್‌ಗೇ ರೀಹೀಟ್ ಜೋಡಿಸಿ ನೋಡಿದರು. 1970ರ ಜನವರಿಯಲ್ಲಿ ಅಂಥದ್ದೊಂದು ಮಾರುತ್ ಮೇಲೇಳುವಾಗಲೇ ಬಿದ್ದು ಸುರಂಜನ್ ದಾಸ್ ತೀರಿಕೊಂಡರು. ಹಳೇ ಮದ್ರಾಸ್ ರಸ್ತೆಯಿಂದ ಎಚ್‌ಎಎಲ್ ಕಡೆಗೆ ದಿನಾ ಸುರಂಜನ್ ದಾಸ್ ರಸ್ತೆಯಲ್ಲಿ ಓಡಾಡುವವರು ನಮ್ಮಲ್ಲೇ ಎಷ್ಟೋ ಜನ ಇದ್ದೀರಿ. ಆ ಹೆಸರು ಅವರದೇ.

ಇಷ್ಟೆಲ್ಲ ಕೊರತೆ ಇಟ್ಟುಕೊಂಡೇ ಮಾರುತ್ 1971ರ ಯುದ್ಧಕ್ಕೆ ಹೋಯಿತು. ರಾಜಸ್ಥಾನದ ಗಡಿಯಲ್ಲಿ ನೆಲಕ್ಕೆ ಹತ್ತಿರ ಹಾರಿ ದಾಳಿ ಮಾಡಿತು. ಆ ಎತ್ತರದಲ್ಲಿ ಅಲುಗದೆ ನಿಲ್ಲುತ್ತಿತ್ತು ಅಂತ ಪೈಲಟ್‌ಗಳು ಮೆಚ್ಚಿಕೊಂಡರು. ಒಂದು ಎಂಜಿನ್‌ಗೆ ಗುಂಡು ಬಿದ್ದಾಗ ಇನ್ನೊಂದರಲ್ಲೇ ಮನೆಗೆ ಬಂದವರಿದ್ದಾರೆ. ನೆಲದಿಂದ ಬಂದ ಗುಂಡಿಗೆ ಕೆಲವನ್ನು ಕಳೆದುಕೊಂಡೆವು. ಆಕಾಶದ ಕಾದಾಟದಲ್ಲಿ ಒಂದನ್ನೂ ಕಳೆದುಕೊಳ್ಳಲಿಲ್ಲ.

ಗೆಳೆಯರೊಬ್ಬರು ಫೋನಿನಲ್ಲಿ ಹೇಳಿದರು, "ಬಡ ದೇಶ ಕಣ್ರೀ ಆಗ. 62ರಲ್ಲಿ ಯುದ್ಧ, 65ರಲ್ಲಿ ಯುದ್ಧ. ಮಿಗ್-21 ರೆಡಿ ಸಿಗ್ತಾ ಇತ್ತು, ತಗೊಂಡ್ರು. ತಪ್ಪೇನು?" ತಗೊಂಡಿದ್ದು ತಪ್ಪಲ್ಲ. ಮಾರುತ್‌ಗೂ ದೋಷಗಳಿದ್ದವು, ಗನ್ ಹಾರಿಸಿದಾಗ ಮೈ ನಡುಗುವ ತೊಂದರೆಯೂ ಇತ್ತು. ಅವೆಲ್ಲ ತಿದ್ದಬಹುದಾದ ದೋಷಗಳು. ಕೊಂಡುಕೊಳ್ಳುತ್ತಲೇ ಎಂಜಿನ್ ಕೆಲಸಕ್ಕೂ ಒಂದಿಷ್ಟು ದುಡ್ಡು ಇಡಬಹುದಿತ್ತು. ಒಟ್ಟು 147 ಮಾರುತ್ ಕಟ್ಟಿ ನಿಲ್ಲಿಸಿದೆವು. ನಮ್ಮದೇ ಡಿಸೈನ್‌ನ ಮುಂದಿನ ಫೈಟರ್ ತೇಜಸ್ ಹಾರಿದ್ದು 2001ರ ಜನವರಿಯಲ್ಲಿ. ಎರಡರ ಮೊದಲ ಹಾರಾಟದ ನಡುವೆ ಸುಮಾರು ನಲವತ್ತು ವರ್ಷ! ಕಲಿತ ಕೈಗಳೆಲ್ಲ ಆ ಹೊತ್ತಿಗೆ ರಿಟೈರ್ ಆಗಿದ್ದವು. ತೇಜಸ್ ಹಾರಿದ್ದೂ ಅಮೆರಿಕದ ಎಫ್404 ಎಂಜಿನ್‌ನಲ್ಲಿ. ಅದಕ್ಕೆಂದೇ 1989ರಲ್ಲಿ ಶುರು ಮಾಡಿದ ನಮ್ಮ ಕಾವೇರಿ ಎಂಜಿನ್ ಅದರೊಳಗೆ ಕೂರಲೇ ಇಲ್ಲ. ಮತ್ತೆ ಅದೇ ಕಡೆಗೆ ಬಂದು ನಿಂತೆವು.

ಒಂದು ವಿಷಯ ಇವತ್ತಿನವರೆಗೆ ಯಾರಿಗೂ ಹೇಳಿಲ್ಲ. ಅಪ್ಪ ಮಾರುತ್‌ಗೆ ರಿವೆಟ್ ಹೊಡೆದವರು ಅಂತ ನಿಮಗೆಲ್ಲ ಗೊತ್ತು. ಪಿಯುಸಿಯಲ್ಲಿದ್ದಾಗ ಯಾವುದೋ ಜಗಳದಲ್ಲಿ ನಾನೇ ಅವರಿಗೆ ಅಂದಿದ್ದೆ, "ನೀವು ಕಟ್ಟಿದ್ದು ಫೇಲ್ ಆದ ವಿಮಾನ ತಾನೇ?" ಅಂತ. ಅಪ್ಪ ಊಟದ ತಟ್ಟೆ ಮುಂದೆ ಕೂತಿದ್ದರು. ಸ್ವಲ್ಪ ಹೊತ್ತು ಏನೂ ಮಾತಾಡಲಿಲ್ಲ. ಆಮೇಲೆ ಮೆಲ್ಲಗೆ, "ಬೇರೆ ಎಂಜಿನ್‌ಗೆ ಅಂತ ಕಟ್ಟಿದ್ವಿ ಕಣಮ್ಮ. ಅದು ಬರಲೇ ಇಲ್ಲ" ಅಂದರು. ಕೈ ತೊಳೆದು ಎದ್ದುಹೋದರು. ನಾನು ಕ್ಷಮೆ ಕೇಳಲಿಲ್ಲ. ಈಗ ಕೇಳೋಣ ಅಂದರೆ ಅಪ್ಪ ಇಲ್ಲ.

ಮೊನ್ನೆ ಆ ಹುಡುಗ ಹೋಗುವಾಗ ಒಂದು ಸಲ ತಿರುಗಿ ನೋಡಿದ. ಕರೆದು ಹೇಳಬೇಕಿತ್ತು, ಬಾಯಿ ಬರಲಿಲ್ಲ. ನಿಮ್ಮಲ್ಲಿ ಮೇಷ್ಟ್ರು, ಮೇಡಂಗಳು ಬೇಕಾದಷ್ಟು ಜನ ಇದ್ದೀರಿ. ಮಕ್ಕಳನ್ನು ಅಲ್ಲಿಗೆ ಕರೆದುಕೊಂಡು ಹೋದಾಗ ಮೂತಿಯ ಮುಂದೆ ಫೋಟೋ ತೆಗೆದು ಹೊರಡಬೇಡಿ. ಹಿಂದೆ ಕರೆದುಕೊಂಡು ಹೋಗಿ. ಅಕ್ಕಪಕ್ಕ ಎರಡು ಕೊಳವೆಗಳಿವೆ, ತೋರಿಸಿ. ಇಲ್ಲಿ ಬರಬೇಕಿದ್ದ ಎಂಜಿನ್ ಬೇರೆ ಇತ್ತು ಅಂತ ಹೇಳಿ.